ಐಸಿನ ದೇಶದಲ್ಲಿ ಅಕ್ಕನ ಬರಿಗಾಲು

ಆ ದೇಶ ನವಿಮುಂಬಯಿಯ ಒಂದು ಮಾಲ್‌ನ ಮೇಲಿನ ಮಾಳಿಗೆಯಲ್ಲಿ, ಸಿನಿಮಾ ಟಾಕೀಸಿಗೂ ಕಕ್ಕಸಿಗೂ ನಡುವೆ ಇತ್ತು. ಟಿಕೆಟ್ ತೆಗೆದು ಹೋಗುವ ದೇಶ. ಒಳಗೆ ನೆಲವೆಲ್ಲ ಹಿಮ. ಮಿಷನ್ನಿನಲ್ಲಿ ಮಾಡಿದ್ದು. ಗೋಡೆಗೆ ಬಿಳಿ ಬೆಟ್ಟಗಳ ಚಿತ್ರ. ಒಂದು ಫೈಬರಿನ ಕರಡಿ, ಅದರ ಒಂದು ಕಿವಿ ಮಕ್ಕಳು ಎಳೆದೂ ಎಳೆದೂ ಹೋಗಿತ್ತು. ಜಾರುಬಂಡಿ ಒಂದು. ಐಸಿನ ಗುಡಿಸಲು ಒಂದು, ಅದರೊಳಗೆ ಕೂತು ಜನ ಫೋಟೋ ತೆಗೆಸಿಕೊಳ್ಳುತ್ತಿದ್ದರು.

ಅಲ್ಲಿ ಮುಖ್ಯ ಎಂದರೆ ಲೈಟು. ಮಾಡಿನಲ್ಲಿ ಎಲ್ಲ ಕಡೆ ನೀಲಿ. ಸ್ವಲ್ಪ ಹೊತ್ತಿಗೊಮ್ಮೆ ಒಂದು ಹಸಿರು ಬರುತ್ತಿತ್ತು, ಒಗೆದು ಹಾಕಿದ ಸೀರೆ ಗಾಳಿಗೆ ಆಡಿದ ಹಾಗೆ ಈ ತುದಿಯಿಂದ ಆ ತುದಿಗೆ ಹೋಗಿ ಮಾಯವಾಗುತ್ತಿತ್ತು. ಸ್ಪೀಕರಿನಲ್ಲಿ ಒಬ್ಬ ಗಂಡಸು ಹಿಂದಿಯಲ್ಲಿ ಹೇಳುತ್ತಿದ್ದ, ಈ ದೇಶದಲ್ಲಿ ಸೂರ್ಯ ಹುಟ್ಟುವುದಿಲ್ಲ, ಇಲ್ಲಿ ಆಕಾಶವೇ ಉರಿಯುತ್ತದೆ, ಇಲ್ಲಿಯವರಿಗೆ ಹಗಲು ಎಂದರೆ ಏನು ಎಂದು ಗೊತ್ತಿಲ್ಲ ಅಂತ. ದಿನವಿಡೀ ಅದೇ ಮಾತು. ನನಗೆ ಬಾಯಿಪಾಠ ಆಗಿತ್ತು.

ನನ್ನ ಕೆಲಸ ಬಾಗಿಲ ಹೊರಗೆ, ಬೂಟಿನ ಕೌಂಟರಿನಲ್ಲಿ. ಬಂದವರ ಚಪ್ಪಲಿ ತೆಗೆದಿಟ್ಟು ಅವರ ಕಾಲಿಗೆ ಸರಿಯಾದ ರಬ್ಬರ್ ಬೂಟು ಕೊಡುವುದು, ಹಿಂದೆ ಬಂದ ಬೂಟು ಒರೆಸಿ ಪೌಡರು ಹಾಕಿ ಇಡುವುದು. ಸುಖದ ಕೆಲಸ ಏನಲ್ಲ. ಇಡೀ ನವಿಮುಂಬಯಿಯ ಕಾಲಿನ ವಾಸನೆ ನನ್ನ ಮೂಗಿನಲ್ಲಿ ಉಂಟು. ಒಳಗಿನ ಕೆಲಸ ಅಕ್ಕನದು. ಉದ್ದ ಕೋಲಿನ ಹಲಗೆಯಿಂದ ಹಿಮವನ್ನು ಎಳೆದು ಸಮ ಮಾಡುವುದು, ಜಾರಿ ಬಿದ್ದವರನ್ನು ಎಬ್ಬಿಸುವುದು.

ಅಕ್ಕ ಎಂದರೆ ನನ್ನ ಒಡಹುಟ್ಟಿದವಳಲ್ಲ. ನನ್ನ ಗಂಡನ ಅಣ್ಣನ ಹೆಂಡತಿ. ನಮ್ಮ ಗಂಡಂದಿರು ಉಡುಪಿ ಕಡೆಯಿಂದ ಬಂದು ಇಲ್ಲಿ ಹೋಟೆಲಿನಲ್ಲಿ ದುಡಿದವರು. ಇಬ್ಬರೂ ಸತ್ತರು, ಮೊದಲು ಭಾವ, ಆಮೇಲೆ ನನ್ನವರು. ಅಕ್ಕನಿಗೆ ಮಕ್ಕಳಿಲ್ಲ. ನನಗೆ ಒಬ್ಬಳು ಮಗಳು, ಕಲ್ಯಾಣದಲ್ಲಿ. ಅಕ್ಕ ಮತ್ತು ನಾನು ತುರ್ಭೆಯ ಒಂದು ರೂಮಿನಲ್ಲಿ ಇದ್ದೇವೆ. ಇರುವುದು ಎಂದರೆ ಇರುವುದು. ಪ್ರೀತಿ ಗೀತಿ ಎಂದು ನಾವು ಕೂತು ಮಾತಾಡಿದವರಲ್ಲ.

ಜನ ಕಡಿಮೆ ಇರುವ ಹೊತ್ತಿನಲ್ಲಿ ನಾನೂ ಬಾಗಿಲು ಸರಿಸಿ ಒಳಗೆ ನಿಲ್ಲುತ್ತಿದ್ದೆ. ಆಗ ಆ ದೇಶದ ಬಗ್ಗೆ ನಮ್ಮ ಮಾತು.

"ಈ ಊರಿನ ಹೆಂಗಸರು ಹಪ್ಪಳ ಎಲ್ಲಿ ಒಣಗಿಸುತ್ತಾರೆ ಮಾರಾಯ್ತಿ?" ಎಂದು ಅಕ್ಕ ಕೇಳುವಳು.

"ಒಣಗಿಸುವುದಿಲ್ಲ. ಹಸಿ ಹಸಿಯೇ ತಿನ್ನುತ್ತಾರೆ."

"ಬಟ್ಟೆ?"

"ಒದ್ದೆಯೇ ಉಡುತ್ತಾರೆ."

"ಹಾಗಾದರೆ ತುರ್ಭೆಯ ಮಳೆಗಾಲವೇ ಆಯ್ತಲ್ಲ. ಅದಕ್ಕೆ ಟಿಕೆಟ್ ಯಾಕೆ?"

ಒಮ್ಮೆ ಅವಳು ಹೇಳಿದಳು, ಇಲ್ಲಿಯವರಿಗೆ ಮುಪ್ಪು ಬರುವುದಿಲ್ಲವಂತೆ, ಹಗಲು ಇಲ್ಲದ ಮೇಲೆ ವಯಸ್ಸು ಹೇಗೆ ಲೆಕ್ಕ ಹಾಕುವುದು ಎಂದು. ನಾನು ಹೇಳಿದೆ, ಸೊಂಟ ಹಾಕುತ್ತದೆ ಲೆಕ್ಕ. ಅವಳು ನಕ್ಕಳು. ಆ ಬೆಳಕಿನಲ್ಲಿ ಅವಳ ಹಲ್ಲು ನೀಲಿ, ವೀಳ್ಯ ತಿಂದ ತುಟಿ ಕಪ್ಪು. ಅಲ್ಲಿ ಕೆಂಪು ಎಂಬುದೇ ಇಲ್ಲ, ಎಲ್ಲ ಕೆಂಪೂ ಕಪ್ಪಾಗಿ ಕಾಣುತ್ತಿತ್ತು. ಲಿಪ್‌ಸ್ಟಿಕ್ ಹಚ್ಚಿ ಬಂದ ಹುಡುಗಿಯರು ನೇರಳೆ ಹಣ್ಣು ಕದ್ದು ತಿಂದವರ ಹಾಗೆ ಇರುತ್ತಿದ್ದರು. ಕುಂಕುಮ ಇಟ್ಟವರ ಹಣೆಯಲ್ಲಿ ಮಸಿ. ಹೊರಗೆ ಬಂದು ಟ್ಯೂಬ್‌ಲೈಟಿಗೆ ನಿಂತರೆ ಸರಿಯಾಗುತ್ತಿತ್ತು.

ನನಗೆ ಆ ಕೋಣೆಯಲ್ಲಿ ಸ್ವಲ್ಪ ಹೊತ್ತು ನಿಂತರೆ ಬೆರಳ ತುದಿ ಸುಡುವ ಹಾಗೆ ನೋಯುತ್ತಿತ್ತು, ಆಮೇಲೆ ಜೋಮು. ಅಕ್ಕನಿಗೆ ಏನೂ ಇಲ್ಲ. ಬೇರೆ ಕೆಲಸದವರು ಕಾಲು ಗಂಟೆಗೊಮ್ಮೆ ಹೊರಗೆ ಓಡುವಾಗ ಅಕ್ಕ ಅಲ್ಲೇ ಇರುತ್ತಿದ್ದಳು. "ಅಜ್ಜಿ ಚಳಿಯ ಊರಿನವಳು" ಎಂದು ಹುಡುಗರು ತಮಾಷೆ ಮಾಡುತ್ತಿದ್ದರು. ಅವಳಿಗೆ ಅದು ಹೆಮ್ಮೆ. ಅವಳಿಗೆ ಶುಗರ್ ಉಂಟು, ಬಹಳ ವರ್ಷದ್ದು. ಈ ಕೆಲಸಕ್ಕೆ ಸೇರುವ ಮೊದಲು ಒಂದು ಸಲ ಸ್ಟೇಷನ್ನಿಗೆ ಹೋಗುವಾಗ ಅವಳ ಒಂದು ಚಪ್ಪಲಿ ಕಾಲಿನಿಂದ ಕಳಚಿ ಹಿಂದೆ ಉಳಿದದ್ದು ಅವಳಿಗೆ ಗೊತ್ತೇ ಆಗಿರಲಿಲ್ಲ, ಬಾಳೆಹಣ್ಣಿನವನು ಕೂಗಿ ಕೊಟ್ಟ. ನಾವು ಅದಕ್ಕೂ ನಕ್ಕಿದ್ದೆವು.

ಆ ವರ್ಷ ಅಕ್ಕ ಶಬರಿಮಲೆಗೆ ಮಾಲೆ ಹಾಕಿದಳು.

ಭಾವ ಇದ್ದಾಗ ಪ್ರತಿ ವರ್ಷ ಹೋಗುತ್ತಿದ್ದರು. ಮಾಲೆ ಹಾಕಿದ ದಿನದಿಂದ ಬೆಟ್ಟಕ್ಕೆ ಹೋಗಿ ಬರುವ ತನಕ ಕಪ್ಪು ಬಟ್ಟೆ, ಎರಡು ಹೊತ್ತು ತಣ್ಣೀರು ಸ್ನಾನ, ಮೀನು ಮಾಂಸ ಇಲ್ಲ, ಕಾಲಿಗೆ ಚಪ್ಪಲಿ ಇಲ್ಲ. ಅವರ ವ್ರತ ನಡೆಸಿದ್ದು ಅಕ್ಕ. ನಸುಕಿಗೆ ಎದ್ದು, ಮಿಂದು, ಬೇರೆ ಪಾತ್ರೆಯಲ್ಲಿ ಬೇಯಿಸಿ, ಭಾವನ ಜೊತೆಗೆ ಬಂದ ಸ್ವಾಮಿಗಳಿಗೆಲ್ಲ ಬಡಿಸಿದವಳು. ಪ್ರಾಯದ ಹೆಂಗಸರು ಆ ಬೆಟ್ಟ ಹತ್ತುವ ಕ್ರಮ ಇಲ್ಲ. ಈಗ ಪ್ರಾಯ ಹೋಗಿತ್ತು. "ಇಷ್ಟು ವರ್ಷ ಬಡಿಸಿದವಳು ನಾನು. ಒಮ್ಮೆ ಹೋಗಿ ಅಯ್ಯಪ್ಪನ ಮುಖ ನೋಡಿ ಬರುತ್ತೇನೆ" ಎಂದಳು. ಬೇರೆ ಆಸೆ ಅವಳು ಹೇಳಿದ್ದನ್ನು ನಾನು ಕೇಳಿಲ್ಲ. ಡೊಂಬಿವಲಿಯ ಭಜನಾ ಮಂದಿರದಲ್ಲಿ ಗುರುಸ್ವಾಮಿ ಅವಳ ಕೊರಳಿಗೆ ಮಾಲೆ ಹಾಕಿದರು. ಅವರು ನಮ್ಮ ಕಡೆಯವರೇ, ಒಂದು ಆಫೀಸಿನಲ್ಲಿ ಕ್ಯಾಂಟೀನ್ ನಡೆಸುತ್ತಾರೆ, ತಂಡವನ್ನು ಬೆಟ್ಟಕ್ಕೆ ಕರೆದುಕೊಂಡು ಹೋಗುವುದು ಅವರೇ.

ಮರುದಿನ ಅಕ್ಕ ಕಪ್ಪು ಸೀರೆ ಉಟ್ಟು ಬರಿಗಾಲಿನಲ್ಲಿ ಕೆಲಸಕ್ಕೆ ಬಂದಳು. ನಮ್ಮ ಸೂಪರ್‌ವೈಸರ್ ಒಬ್ಬಳು ಹುಡುಗಿ, ತಂದೆ ತಾಯಿ ಕುಂದಾಪುರದವರು, ಹುಟ್ಟಿದ್ದು ಕಲ್ಯಾಣ. ನಾವು ಕನ್ನಡದಲ್ಲಿ ಹೇಳಿದ್ದೆಲ್ಲ ಅವಳಿಗೆ ತಿಳಿಯುತ್ತದೆ, ಉತ್ತರ ಮಾತ್ರ ಹಿಂದಿಯಲ್ಲಿ.

"ಆಂಟಿ, ಬೂಟ್ ಪೆಹನೋ ನಾ" ಎಂದಳು, ಬೂಟು ಮುಂದಿಟ್ಟು.

"ಮಾಲೆ ಇರುವಾಗ ಚಪ್ಪಲಿಯೇ ಇಲ್ಲ ಮಗಾ, ಬೂಟು ಎಲ್ಲಿಂದ?"

ಹುಡುಗಿ ಪ್ಲಾಸ್ಟಿಕ್ ಬಿಚ್ಚದ ಹೊಸ ಜೋಡಿ ತಂದಳು, ಇದನ್ನು ಯಾರೂ ಮುಟ್ಟಿಲ್ಲ ಎಂದಳು. ಅಕ್ಕ ತಲೆ ಅಲ್ಲಾಡಿಸಿದಳು. ನಾನೇ ಗುರುಸ್ವಾಮಿಗೆ ಫೋನ್ ಹಚ್ಚಿ ಕೊಟ್ಟೆ. ಅವರು ಹೇಳಿದರು, "ಕೆಲಸದ ಹೊತ್ತಿಗೆ ರಬ್ಬರಿನದು ಹಾಕಿಕೊಳ್ಳಿ ಅಮ್ಮ. ಸ್ವಾಮಿ ಅಷ್ಟಕ್ಕೆಲ್ಲ ಕೋಪ ಮಾಡುವವನಲ್ಲ." ಅಕ್ಕ ಹೂಂ ಎಂದು ಫೋನು ಇಟ್ಟಳು. ನನಗೆ ಹೇಳಿದಳು, "ಈಗಿನ ಗುರುಸ್ವಾಮಿಗಳಿಗೆ ಎಲ್ಲ ಸಡಿಲ. ನಿನ್ನ ಭಾವ ಆಗಿದ್ದರೆ ಬೈಯುತ್ತಿದ್ದರು."

"ಭಾವ ಐಸಿನ ಮೇಲೆ ಕೆಲಸ ಮಾಡಿದವರಲ್ಲ. ತವಾದ ಮುಂದೆ ನಿಂತವರು."

"ಕಾಲಿಗೆ ಏನೂ ಆಗುವುದಿಲ್ಲ. ಚಳಿ ಸ್ವಾಮಿಯೇ ತೆಗೆದುಕೊಂಡಿದ್ದಾನೆ."

ಹೀಗೆ ಅಕ್ಕ ಹಿಮದ ಮೇಲೆ ಬರಿಗಾಲಿನಲ್ಲಿ ನಡೆಯಲು ಶುರು ಮಾಡಿದಳು. ಹುಡುಗಿ ಎರಡು ದಿನ ಗೊಣಗಿದಳು. ಆಮೇಲೆ ಬಂದವರು ವಿಡಿಯೋ ತೆಗೆದರು, ಕಪ್ಪು ಸೀರೆಯ ಮುದುಕಿ ನೀಲಿ ಬೆಳಕಿನಲ್ಲಿ ಹಿಮ ಎಳೆಯುವುದನ್ನು. ಆ ದೇಶದ್ದೇ ಹೆಂಗಸು, ಆಟದ ಒಂದು ಭಾಗ ಎಂದು ಜನ ತಿಳಿದುಕೊಂಡರು. "ಬರ್ಫವಾಲೀ ಅಮ್ಮ ಎಲ್ಲಿ?" ಎಂದು, ಹಿಮದ ಅಮ್ಮನನ್ನು ಕೇಳಿಕೊಂಡು ಬರುವವರು ಆದರು. ಮ್ಯಾನೇಜರ್ ಬಂದು ನೋಡಿ ಖುಷಿಪಟ್ಟು ಹೋದ. ಮೇಲಿನವನು ಖುಷಿಯಾದ ಮೇಲೆ ಹುಡುಗಿಯ ಬಾಯಿ ಮುಚ್ಚಿತು. ಕೆಲವರು ಅಕ್ಕನ ಕಾಲು ಮುಟ್ಟಿ ನಮಸ್ಕಾರವನ್ನೂ ಮಾಡಿದರು. ಮಾಲೆ ಹಾಕಿದವರಿಗೆ ಹಾಗೆ ಮಾಡುವುದು ಉಂಟು, ಅದರಲ್ಲಿ ಅಕ್ಕನಿಗೆ ವಿಶೇಷ ಕಾಣಲಿಲ್ಲ. ಅವಳು ಶುಗರಿನ ಗುಳಿಗೆಯನ್ನೂ ಬಿಟ್ಟಿದ್ದಳು. ಒಂದೇ ಹೊತ್ತು ಊಟ ಮಾಡುವವಳಿಗೆ ಗುಳಿಗೆ ಎಂತಕ್ಕೆ ಎಂದಳು. ಹೇಳಿ ಹೇಳಿ ನನ್ನ ಬಾಯಿ ಸೋತಿತು.

ಸ್ವಲ್ಪ ದಿನ ಕಳೆದ ಮೇಲೆ ಹಿಮದಲ್ಲಿ ಕಪ್ಪು ಕಲೆ ಕಾಣಲು ಶುರುವಾಯಿತು. ಮೊದಲು ಕರಡಿಯ ಹಿಂದೆ. ಆಮೇಲೆ ಜಾರುಬಂಡಿಯ ಕೆಳಗೆ. ಹುಡುಗಿ ಮೇಲೆ ನೋಡಿದಳು, ಪೈಪಿನಿಂದ ಮಿಷನ್ನಿನ ಎಣ್ಣೆ ಸೋರುತ್ತಿದೆ ಎಂದಳು. ಥಾಣೆಯಿಂದ ಮೆಕಾನಿಕ್ ಬಂದ, ಏಣಿ ಹತ್ತಿ ಎಲ್ಲ ತಡವಿ ನೋಡಿದ, ಎಣ್ಣೆ ಇಲ್ಲ ಎಂದು ಇಳಿದು ಹೋದ. ಒಂದು ಮಗು ಆ ಕಲೆಯನ್ನು ಕಂಡು ಕಾಲಾ ಖಟ್ಟಾ ಎಂದಿತು, ಚೌಪಾಟಿಯಲ್ಲಿ ಐಸಿನ ಗೋಲಾಕ್ಕೆ ಹಾಕುವ ಆ ಕಪ್ಪು ಶರಬತ್ತು. ಅದರ ತಾಯಿ ಬಾಯಿಗೆ ಹಾಕಬೇಡ ಎಂದು ಕೈ ಎಳೆದುಕೊಂಡಳು. ಕಲೆ ಕಂಡಲ್ಲೆಲ್ಲ ಅಕ್ಕನೇ ಹೊಸ ಹಿಮ ಎಳೆದು ಮುಚ್ಚುತ್ತಿದ್ದಳು. ಅವಳು ಮುಚ್ಚುತ್ತ ನಡೆದಲ್ಲಿ ಮತ್ತೆ ಕಲೆ.

ಒಂದು ಶನಿವಾರ ಮಧ್ಯಾಹ್ನ ಮಾಲ್‌ನಲ್ಲಿ ಕರೆಂಟು ಹೋಯಿತು. ಒಳಗೆ ತುಂಬ ಜನ ಇದ್ದರು. ಒಂದು ಕ್ಷಣ ಪೂರ್ತಿ ಕತ್ತಲೆ, ಸ್ಪೀಕರಿನವನ ಮಾತು ನಡುವೆಯೇ ನಿಂತಿತು. ಆಮೇಲೆ ಜನರೇಟರು ಶುರುವಾಯಿತು. ಅದಕ್ಕೆ ಬಣ್ಣದ ಲೈಟಿನ ಸಂಬಂಧ ಇರಲಿಲ್ಲ, ಗೋಡೆಯ ಬಿಳಿ ಟ್ಯೂಬ್‌ಗಳು ಮಾತ್ರ ಹತ್ತಿದವು. ಆ ದೇಶವನ್ನು ಬಿಳಿ ಬೆಳಕಿನಲ್ಲಿ ಜನ ನೋಡಿದ್ದು ಅದೇ ಮೊದಲು. ಚಿತ್ರದ ಬೆಟ್ಟದ ಮೇಲೆ ತೇವದ ಕಲೆ. ಕರಡಿಯ ಮೈ ಹಳದಿ. ನೆಲ ಬೆಳ್ಳಗೆ, ಅದರ ಮೇಲೆ ಕೆಂಪು ಹೆಜ್ಜೆ.

ಗೌರಿ ಬರುವ ದಿನ ಮರಾಠಿಯವರ ಮನೆಗಳಲ್ಲಿ ಬಾಗಿಲಿನಿಂದ ಒಳಗೆ ಕುಂಕುಮದಲ್ಲಿ ಪಾದ ಬರೆಯುತ್ತಾರಲ್ಲ, ಹಾಗೆಯೇ. ಆದರೆ ಒಂದೇ ಕಾಲಿನದು, ಎಡಗಾಲು. ಕರಡಿಯಿಂದ ಗುಡಿಸಲಿಗೆ, ಗುಡಿಸಲಿನಿಂದ ಜಾರುಬಂಡಿಗೆ, ಅಲ್ಲಿಂದ ಬಾಗಿಲ ಕಡೆಗೆ. ಒಬ್ಬಳು ಹೆಂಗಸು ಕೈ ಮುಗಿದಳು. ದೇವಿ ಬಂದಳು ಎಂದು ತಿಳಿದಳೋ ಏನೋ. ಉಳಿದವರು ಹಾಗೇ ನಿಂತರು. ನಾನು ಕೈಯಲ್ಲಿ ಯಾರದೋ ಬೂಟು ಹಿಡಿದು ಬಾಗಿಲಲ್ಲಿ ಇದ್ದೆ. ಅಕ್ಕ ನಡುವೆ ಹಲಗೆ ಹಿಡಿದು ನಿಂತಿದ್ದಳು. ಅವಳೂ ನೆಲ ನೋಡಿದಳು.

"ಇದು ಯಾರದು?" ಎಂದಳು.

"ನಿನ್ನದೇ" ಎಂದೆ.

ಅವಳನ್ನು ಹೊರಗೆ ತಂದು ಕೌಂಟರಿನ ಸ್ಟೂಲಿನಲ್ಲಿ ಕೂರಿಸಿದೆ. ಅಡಿಗಾಲು ಸೀಳಿತ್ತು, ಬಾಯಿ ತೆರೆದ ಹಾಗೆ. ಕಿರುಬೆರಳು ಮತ್ತು ಅದರ ಪಕ್ಕದ್ದು ಕಪ್ಪಾಗಿದ್ದವು. ಅದು ಲೈಟಿನ ಕಪ್ಪಲ್ಲ. ರೂಮಿನಲ್ಲಿ ಕಂಡಾಗ ಬರಿಗಾಲಿನ ಮಣ್ಣು ಎಂದು ಬಿಟ್ಟಿದ್ದೆ. ಮುಟ್ಟಿದೆ, ಒತ್ತಿದೆ. ನೋವು ಉಂಟಾ ಎಂದು ಕೇಳಿದೆ. ಇಲ್ಲ ಮಾರಾಯ್ತಿ, ನೀನು ಸುಮ್ಮನೆ ಹೆದರಬೇಡ, ಮನೆಗೆ ಹೋಗಿ ಅರಸಿನ ಹಚ್ಚುವ ಎಂದಳು. ಸೂಪರ್‌ವೈಸರ್ ಹುಡುಗಿ ರಿಕ್ಷಾ ತಂದಳು. ನನಗೆ ಆಗ ಏನೂ ಅನಿಸಲಿಲ್ಲ, ಈಗಲೂ ನೆನೆದರೆ ಏನೂ ಅನಿಸುವುದಿಲ್ಲ. ಬೂಟು ಹಾಕಿ ಒಳಗೆ ಹೋದವರ ಚಪ್ಪಲಿ ಯಾರು ಹಿಂದೆ ಕೊಡುತ್ತಾರೆ ಎಂದು ಯೋಚನೆ ಬಂದದ್ದು ನೆನಪುಂಟು.

ಆಸ್ಪತ್ರೆಯಲ್ಲಿ ಒಬ್ಬರು ಡಾಕ್ಟರಮ್ಮ, ಚಿಕ್ಕ ಪ್ರಾಯ, ಮರಾಠಿಯವರು. ಅಕ್ಕನ ಮುಖ ಆ ಕಡೆ ತಿರುಗಿಸಿ ಕಾಲಿಗೆ ಸೂಜಿ ಚುಚ್ಚಿದರು. ಚುಚ್ಚಿದಾಗ ಹೇಳಿ ಅಂದರು. ಅಕ್ಕ ಕಾಯುತ್ತ ಕೂತಳು. ಡಾಕ್ಟರಮ್ಮ ಹಿಮ್ಮಡಿಯಿಂದ ಮೇಲೆ ಮೇಲೆ ಚುಚ್ಚುತ್ತ ಬಂದರು. ಪಾದದ ಗಂಟು ದಾಟಿದ ಮೇಲೆ ಅಕ್ಕ "ಹಾಂ, ಈಗ" ಎಂದಳು. ಮೊದಲ ಚುಚ್ಚು ಎಂದೇ ತಿಳಿದಿದ್ದಳು.

ಸಕ್ಕರೆ ಕಾಯಿಲೆಯಿಂದ ಕಾಲಿನ ಸ್ಪರ್ಶ ಹೋಗಿ ವರ್ಷಗಳೇ ಆಗಿವೆ, ಚಳಿ ಗೊತ್ತಾಗದ್ದು ಅದಕ್ಕೇ, ಎಂದರು. ಎರಡು ಬೆರಳು ಸತ್ತಿವೆ, ಕೂಡಲೇ ತೆಗೆಯಬೇಕು, ತಡ ಮಾಡಿದರೆ ಮೊಣಕಾಲಿನ ಕೆಳಗೆ ಪೂರ್ತಿ ತೆಗೆಯಬೇಕಾದೀತು ಎಂದರು. ಅಕ್ಕನಿಗೆ ಮರಾಠಿ ಚೆನ್ನಾಗಿ ತಿಳಿಯುತ್ತದೆ.

"ಮುಂದಿನ ವಾರ ಇರುಮುಡಿ ಕಟ್ಟುವುದು ಉಂಟು" ಎಂದಳು. ಇರುಮುಡಿ ಎಂದರೆ ತಲೆಯ ಮೇಲೆ ಹೊತ್ತು ಹೋಗುವ ಎರಡು ಗಂಟಿನ ಚೀಲ, ತುಪ್ಪ ತುಂಬಿದ ತೆಂಗಿನಕಾಯಿ ಅದರಲ್ಲಿ. "ಬೆಟ್ಟ ಹತ್ತಿ ಇಳಿದು ಬರುತ್ತೇನೆ. ಆಮೇಲೆ ಎಷ್ಟು ಬೇಕಾದರೂ ಕೊಯ್ಯಿರಿ. ನೋವೇ ಇಲ್ಲದ ಕಾಲು, ನಡೆಯಲಿಕ್ಕೆ ಎಂತ ಕಷ್ಟ?"

"ನೋವಿಲ್ಲದ್ದೇ ಕಷ್ಟ" ಎಂದು ಡಾಕ್ಟರಮ್ಮ ಬೇರೆ ಮಂಚಕ್ಕೆ ಹೋದರು.

ಸಂಜೆ ಗುರುಸ್ವಾಮಿ ಡೊಂಬಿವಲಿಯಿಂದ ಬಂದರು. ಅವರೂ ಬರಿಗಾಲು. ಆಸ್ಪತ್ರೆಯ ನೆಲದಲ್ಲಿ ಕಾಲು ಎಲ್ಲಿಡುವುದು ಎಂದು ನೋಡಿ ನೋಡಿ ಇಟ್ಟುಕೊಂಡು ಬಂದರು. ಅಕ್ಕನ ಕಾಲಿನ ಹತ್ತಿರ ಬಗ್ಗಿ ನೋಡಿದರು.

"ಹಾಕಿಕೊಳ್ಳಿ ಅಂತ ನಾನು ಹೇಳಿದ್ದೆನಲ್ಲ ಅಮ್ಮ" ಎಂದರು.

"ಹೇಳಿದ್ದಿರಿ. ನಾನು ಕೇಳಲಿಲ್ಲ. ಈಗ ಒಂದು ಹೇಳಿ, ಬೆರಳು ಸತ್ತರೆ ಸೂತಕ ಉಂಟಾ?"

ಗುರುಸ್ವಾಮಿಗೆ ನಗಬೇಕೋ ಬೇಡವೋ ತಿಳಿಯಲಿಲ್ಲ. ಮನೆಯಲ್ಲಿ ಸಾವಾದರೆ ಮಾಲೆ ತೆಗೆಯಬೇಕು ಎಂಬುದು ಕ್ರಮ. ಬೆರಳಿಗೆ ಕ್ರಮ ಯಾರೂ ಹೇಳಿಟ್ಟಿಲ್ಲ. ಅವರು ಯೋಚಿಸಿ ಹೇಳಿದರು, ಸೂತಕ ಅಂತ ಅಲ್ಲ, ಆದರೆ ಆಪರೇಷನ್ನಿಗೆ ಕರೆದುಕೊಂಡು ಹೋಗುವಾಗ ಕೊರಳಲ್ಲಿ ಏನೂ ಇಡುವುದಿಲ್ಲ, ನರ್ಸ್ ಕತ್ತರಿಯಲ್ಲಿ ಕತ್ತರಿಸುವುದಕ್ಕಿಂತ ನಾನೇ ತೆಗೆಯುವುದು ಒಳ್ಳೆಯದು ಅಂತ.

"ತೆಗೆದರೆ ಈ ವರ್ಷ ಇಲ್ಲ."

"ಈ ವರ್ಷ ಇಲ್ಲ ಅಮ್ಮ."

"ಹಾಗಾದರೆ ಬೇಡ. ಹೋಗಿ ಬಂದೇ ಕೊಯ್ಯಲಿ."

ಗುರುಸ್ವಾಮಿ ನನ್ನ ಮುಖ ನೋಡಿದರು. ನೀವು ಹೇಳಿ ಎನ್ನುವ ಹಾಗೆ. ನನಗೆ ದೇವರ ಮಾತು ಹೇಳಲು ಬರುವುದಿಲ್ಲ. ನಮ್ಮ ಗಲ್ಲಿಯಲ್ಲಿ ಮನೆಯೊಳಗೆ ಕಕ್ಕಸು ಇಲ್ಲ, ಗಲ್ಲಿಯ ತುದಿಯಲ್ಲಿ ಎಲ್ಲರಿಗೂ ಒಂದು, ಅದಕ್ಕೆ ಕಡಿದಾದ ಮೆಟ್ಟಿಲು. ಅದನ್ನೇ ಹೇಳಿದೆ.

"ನೋಡು ಅಕ್ಕ. ಕಾಲು ಪೂರ್ತಿ ಹೋದರೆ ದಿನಾ ಬೆಳಿಗ್ಗೆ ನಿನ್ನನ್ನು ಕಕ್ಕಸಿಗೆ ಎತ್ತಿಕೊಂಡು ಹೋಗುವುದು ಅಯ್ಯಪ್ಪ ಅಲ್ಲ, ನಾನು. ನನ್ನಿಂದ ಆಗುವುದಿಲ್ಲ. ಮೊದಲೇ ಹೇಳಿದ್ದೇನೆ."

"ನೀನು ಎತ್ತುವುದು ಬೇಡ. ತೆವಳಿಕೊಂಡು ಹೋಗುತ್ತೇನೆ."

"ಆ ಮೆಟ್ಟಿಲಲ್ಲಿ ತೆವಳು. ಬೇರೆಯವರು ನಿನ್ನನ್ನು ದಾಟಿಕೊಂಡು ಹೋಗುತ್ತಾರೆ, ಡಬ್ಬಿ ಹಿಡಿದುಕೊಂಡು."

ಪಕ್ಕದ ಮಂಚದವಳಿಗೆ ಊಟ ಬಂತು, ಅವಳು ಉಂಡು ಮುಗಿಸಿದಳು. ಅಷ್ಟು ಹೊತ್ತು ಅಕ್ಕ ಮಾಡು ನೋಡುತ್ತ ಮಲಗಿದ್ದಳು. ಆಮೇಲೆ ಕುತ್ತಿಗೆ ಸ್ವಲ್ಪ ಮೇಲೆತ್ತಿದಳು, ಗುರುಸ್ವಾಮಿಯ ಕಡೆಗೆ. ಅವರು ಬಾಯಿಯೊಳಗೆ ಏನೋ ಹೇಳಿಕೊಂಡು ಮಾಲೆ ತೆಗೆದರು. ಮಣಿಗೆ ಅವಳ ಹಿಂದಲೆಯ ಎರಡು ಬಿಳಿ ಕೂದಲು ಸಿಕ್ಕಿಕೊಂಡು ಬಂದವು. ಬಿಡಿಸಿ ನನ್ನ ಕೈಗೆ ಕೊಟ್ಟರು. ಕೂದಲನ್ನು ಎಂತ ಮಾಡುವುದು ಎಂದು ತಿಳಿಯದೆ ಸೆರಗಿಗೆ ಒರೆಸಿದೆ.

ಎರಡು ಬೆರಳು ಹೋದವು, ಕಾಲು ಉಳಿಯಿತು. ಅವಳ ತುಪ್ಪದ ಕಾಯಿಯನ್ನು ಗುರುಸ್ವಾಮಿ ತಮ್ಮ ಗಂಟಿನಲ್ಲಿ ಹೊತ್ತು ಹೋಗಿ ಒಪ್ಪಿಸಿ ಬಂದರು. ಹಾಗೆ ಕಳಿಸುವುದು ಉಂಟು. ಅಕ್ಕ ಅದಕ್ಕೆ ಒಳ್ಳೆಯದಾಯಿತು ಎಂದಳು, ಅಷ್ಟೇ.

ಆ ದೇಶ ಮರುದಿನವೇ ತೆರೆದಿತ್ತು. ಹಳೆಯ ಹಿಮ ತೆಗೆದು ಹೊಸದು ಹಾಕಿದರು. ಒಳಗಿನ ಕೆಲಸಕ್ಕೆ ಈಗ ನನ್ನನ್ನು ಹಾಕಿದ್ದಾರೆ. ಬೂಟು ಹಾಕಿಕೊಂಡು, ಎರಡು ಜೊತೆ ಕಾಲುಚೀಲ ಹಾಕಿಕೊಂಡು ಹೋಗುತ್ತೇನೆ. ನನಗೆ ಚಳಿ ಹತ್ತುತ್ತದೆ. ಬೆರಳು ಸುಡುತ್ತದೆ, ಹೊರಗೆ ಓಡುತ್ತೇನೆ. ಬರ್ಫವಾಲೀ ಅಮ್ಮ ಎಲ್ಲಿ ಎಂದು ಈಗಲೂ ಕೆಲವರು ಕೇಳುತ್ತಾರೆ. ಊರಿಗೆ ಹೋಗಿದ್ದಾಳೆ ಎಂದು ಸೂಪರ್‌ವೈಸರ್ ಹುಡುಗಿ ಹೇಳುತ್ತಾಳೆ. ಯಾವ ಊರು ಎಂದು ಯಾರೂ ಕೇಳುವುದಿಲ್ಲ.

ಡಾಕ್ಟರಮ್ಮ ಒಂದು ಕಟ್ಟಳೆ ಹಾಕಿದ್ದಾರೆ. ಇನ್ನು ಸಾಯುವ ತನಕ ಅಕ್ಕ ಬರಿಗಾಲು ನೆಲಕ್ಕೆ ಇಡಬಾರದು. ಮನೆಯೊಳಗೂ, ಸ್ನಾನಕ್ಕೂ. ದಪ್ಪ ಅಟ್ಟೆಯ, ಬೆಲ್ಟು ಇರುವ ಒಂದು ಜೋಡು ಬರೆದುಕೊಟ್ಟರು. ದಿನಾ ಸಂಜೆ ಅಡಿಗಾಲು ನೋಡಬೇಕು, ಅವಳಿಗೆ ಗೊತ್ತಾಗುವುದಿಲ್ಲವಲ್ಲ. ನಾನು ಫೋನಿನ ಟಾರ್ಚು ಹಚ್ಚಿ ನೋಡುತ್ತೇನೆ. ಅವಳು ಕಾಲು ನನ್ನ ಮಡಿಲಿಗೆ ಹಾಕಿ ಟೀವಿ ನೋಡುತ್ತಾಳೆ. ಮುಗಿಯಿತು ಎಂದು ನಾನು ಹೇಳುವ ತನಕ, ಮುಟ್ಟಿದ್ದೇನೋ ಬಿಟ್ಟಿದ್ದೇನೋ ಅವಳಿಗೆ ತಿಳಿಯುವುದಿಲ್ಲ.

ಕಾಲು ಮಾಗಿದ ಮೇಲೆ ಅವಳು ಲೆಕ್ಕ ಹಾಕಿದಳು. ಚಪ್ಪಲಿ ಬಿಡದೆ ಮಾಲೆ ಇಲ್ಲ. ಮಾಲೆ ಇಲ್ಲದೆ ಇರುಮುಡಿ ಇಲ್ಲ. ಇರುಮುಡಿ ಇಲ್ಲದೆ ಆ ಹದಿನೆಂಟು ಮೆಟ್ಟಿಲು ಇಲ್ಲ. ಗುರುಸ್ವಾಮಿ ಹೇಳಿ ನೋಡಿದರು, ರೋಗಿಗಳಿಗೆ ದೋಷ ಇಲ್ಲ, ಡೋಲಿ ಉಂಟು, ನಾಲ್ಕು ಜನ ಹೊತ್ತು ಹೋಗುತ್ತಾರೆ ಎಂದು. "ನಾಲ್ಕು ಜನ ಹೊರುವುದು ಹೇಗೂ ಉಂಟಲ್ಲ, ಅದಕ್ಕೆ ಅಷ್ಟು ದೂರ ಯಾಕೆ?" ಎಂದಳು. ಮತ್ತೆ ಆ ಮಾತು ಅವಳು ಎತ್ತಲಿಲ್ಲ.

ಈ ವರ್ಷ ತಂಡ ಹೊರಡುವ ದಿನ ನಾವು ಡೊಂಬಿವಲಿಗೆ ಹೋದೆವು. ಮಂದಿರದೊಳಗೆ ಇರುಮುಡಿ ಕಟ್ಟುತ್ತಿದ್ದರು, ಶರಣು ಕೂಗುತ್ತಿದ್ದರು. ಅಕ್ಕ ಬಾಗಿಲಿನ ಹೊರಗೆ, ಹೊರಟವರ ಮನೆಯವರೆಲ್ಲ ಚಪ್ಪಲಿ ಬಿಟ್ಟ ಜಾಗದಲ್ಲಿ ನಿಂತಳು. ಒಳಗೆ ಬನ್ನಿ, ಜೋಡು ಇದ್ದರೆ ಇರಲಿ ಎಂದು ಗುರುಸ್ವಾಮಿಯೇ ಬಂದು ಕರೆದರು. ಅವಳು ಹೋಗಲಿಲ್ಲ. ಒಂದು ಕುರ್ಚಿ ತಂದು ಕೊಟ್ಟರು. ಕೂತಳು. ಆರತಿಯನ್ನು ಹೊರಗೇ ತಂದರು. ತೆಗೆದುಕೊಂಡಳು.

ಗಂಟು ತಲೆಗೆ ಏರಿಸಿಕೊಂಡು ಎಲ್ಲರೂ ಬಸ್ಸಿಗೆ ಹೊರಟರು. ಗುರುಸ್ವಾಮಿ ಅವಳ ಮುಂದೆ ನಿಂತು, "ನಿಮ್ಮ ಪರವಾಗಿ ಎಂತ ಕೇಳಿಕೊಳ್ಳಲಿ ಅಮ್ಮ?" ಎಂದರು.

"ಎಂತದೂ ಕೇಳುವುದು ಬೇಡ. ಡೊಂಬಿವಲಿಯ ತನಕ ಬಂದಿದ್ದೆ ಅಂತ ಹೇಳಿ."

ಬಸ್ಸು ಹೋದ ಮೇಲೆ ನಾವು ಸ್ಟೇಷನ್ನಿಗೆ ನಡೆದೆವು. ಸ್ಲೋ ಲೋಕಲ್ ಹಿಡಿದು ಥಾಣೆಯಲ್ಲಿ ಇಳಿದೆವು, ತುರ್ಭೆಯ ಗಾಡಿಗೆ ಬ್ರಿಡ್ಜ್ ದಾಟಬೇಕು. ಅಕ್ಕ ಕಂಬಿ ಹಿಡಿದು ಒಂದೊಂದೇ ಮೆಟ್ಟಿಲು ಹತ್ತಿದಳು, ಕಾಲು ಸರಿಯಾಗಿ ಇಟ್ಟಿದೆಯೋ ಎಂದು ಪ್ರತಿ ಮೆಟ್ಟಿಲಿಗೂ ಕೆಳಗೆ ನೋಡುತ್ತ. ಹಿಂದಿನವರು ಬೈದರು. ನಾನೂ ತಿರುಗಿ ಬೈದೆ.